ಹರಿಗೋಲಿನೊಳಗಿನ ನೀರು

"ಕಾರಣ ತಿಳಿದ ಮೇಲೂ ಕೆಲಸ ಏಕೆ ಆಗುವುದಿಲ್ಲ, ಮೇಷ್ಟ್ರೇ?"

ಶಿವಲೀಲಾ ಈ ಪ್ರಶ್ನೆ ಕೇಳಿದ್ದು ಒಂದು ಭಾನುವಾರ ಬೆಳಿಗ್ಗೆ, ಸೋಮಲಿಂಗಪ್ಪ ಮೇಷ್ಟ್ರ ಮನೆಯ ಕಟ್ಟೆಯ ಮೇಲೆ ಕುಳಿತು. ಮೇಷ್ಟ್ರು ಮೂವತ್ತನಾಲ್ಕು ವರ್ಷ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸಿದವರು. ಭಾನುವಾರ ಅವರ ಹಳೆಯ ವಿದ್ಯಾರ್ಥಿಗಳಲ್ಲಿ ಯಾರಾದರೂ ಬಂದು ಕೂರುತ್ತಿದ್ದರು. ಶಾಲೆಯಲ್ಲಿದ್ದಾಗ ಮೇಷ್ಟ್ರು ಪ್ರಶ್ನೆಗೆ ಉತ್ತರ ಹೇಳುತ್ತಿದ್ದರು. ನಿವೃತ್ತರಾದ ಮೇಲೆ ಕತೆ ಹೇಳುತ್ತಾರೆ. ಯಾಕೆ ಎಂದು ಕೇಳಿದರೆ, "ಉತ್ತರ ಹೇಳೋದಕ್ಕೆ ಸಂಬಳ ಇತ್ತು. ಈಗ ಇಲ್ಲ" ಎನ್ನುತ್ತಾರೆ.

ಅಂದು ಇಬ್ಬರೇ ಇದ್ದರು. ಶಿವಲೀಲಾ ಮತ್ತು ಬಸ್ ಕಂಡಕ್ಟರ್ ಈರಣ್ಣ. ಈರಣ್ಣ ಅವಳಿಗಿಂತ ಹದಿನೈದು ವರ್ಷ ಹಿರಿಯ, ಅದೇ ಶಾಲೆಯವನು.

"ಯಾವ ಕೆಲಸ?" ಎಂದರು ಮೇಷ್ಟ್ರು.

"ಒಂದು ಪತ್ರ ಬರೀಬೇಕು. ಅರ್ಧ ಪುಟ. ಹತ್ತೊಂಬತ್ತು ದಿನ ಆಯಿತು."

ಶಿವಲೀಲಾ ರಸಾಯನಶಾಸ್ತ್ರದಲ್ಲಿ ಎಂ.ಎಸ್‌ಸಿ. ಮುಗಿಸಿ, ನೀರು ಪರೀಕ್ಷಿಸುವ ಒಂದು ಪ್ರಯೋಗಾಲಯದಲ್ಲಿ ಕೆಲಸಕ್ಕಿದ್ದಳು. ಪತ್ರದಲ್ಲಿ ಏನಿರಬೇಕು ಎಂಬುದನ್ನು ಅವಳು ಮೇಷ್ಟ್ರಿಗೆ ಹೇಳಲಿಲ್ಲ. ಯಾರಿಗೂ ಹೇಳಿರಲಿಲ್ಲ.

ಸಂಗತಿ ಇಷ್ಟು. ಹಿಂದಿನ ವರ್ಷ ಗುಡ್ಡದ ಕೆಳಗಿನ ಒಂದು ಸಣ್ಣ ಊರಿನ ಕೊಳವೆಬಾವಿಯ ನೀರು ಅವಳ ಮೇಜಿಗೆ ಬಂದಿತ್ತು. ಫ್ಲೋರೈಡ್ ಎಷ್ಟಿದೆ ಎಂದು ನೋಡಬೇಕಿತ್ತು. ಅಂಥ ನೀರನ್ನು ಅಳೆಯುವ ಮೊದಲು ಅವಳು ತೆಳು ಮಾಡಿಕೊಳ್ಳುತ್ತಿದ್ದಳು. ಒಂದು ಪಾಲು ನೀರಿಗೆ ನಾಲ್ಕು ಪಾಲು ಶುದ್ಧ ನೀರು. ಆಮೇಲೆ ಮೀಟರಿನಲ್ಲಿ ಬಂದ ಅಂಕಿಯನ್ನು ಐದರಿಂದ ಗುಣಿಸಬೇಕು. ಮೀಟರು 0.78 ಎಂದಿತು. ಶಿವಲೀಲಾ ವರದಿಯಲ್ಲಿ 0.78 ಎಂದೇ ಬರೆದಳು. ಲೀಟರಿಗೆ ಒಂದೂವರೆ ಮಿಲಿಗ್ರಾಂವರೆಗೆ ಇದ್ದರೆ ಕುಡಿಯಬಹುದು. ವರದಿ ತಲುಪಿದ ತಿಂಗಳಲ್ಲೇ ಆ ಊರಿಗೆ ಬರುತ್ತಿದ್ದ ನೀರಿನ ಟ್ಯಾಂಕರು ನಿಂತಿತು. ಅರವತ್ತನಾಲ್ಕು ಮನೆಗಳು ಕೊಳವೆಬಾವಿಗೆ ಕೊಡ ಹಿಡಿದವು.

ಹತ್ತೊಂಬತ್ತು ದಿನದ ಹಿಂದೆ ಬೇರೆ ಏನನ್ನೋ ಹುಡುಕುತ್ತ ಅವಳು ಹಳೆಯ ನೋಟುಬುಕ್ಕು ತೆರೆದಳು. ಪುಟದ ಅಂಚಿನಲ್ಲಿ ಅವಳದೇ ಅಕ್ಷರ: "ಐದು ಪಟ್ಟು ತೆಳು." ಗುಣಿಸಿದಳು. 3.9 ಬಂತು. ಪೆನ್ನು ಕೆಳಗಿಟ್ಟಳು. ಮತ್ತೆ ಗುಣಿಸಿದಳು. ಅಷ್ಟೇ ಬಂತು.

ವರ್ಷಗಟ್ಟಲೆ ಕುಡಿದರೆ ಆ ನೀರು ಮಕ್ಕಳ ಹಲ್ಲಿಗೆ ಕಂದು ಪಟ್ಟೆ ಎಳೆಯುತ್ತದೆ, ದೊಡ್ಡವರ ಮೊಣಕಾಲು ಹಿಡಿಯುತ್ತದೆ. ಇದು ಅವಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಆ ದಿನವೇ ಬರೆಯಬೇಕೆಂದುಕೊಂಡಳು: ನನ್ನ ಲೆಕ್ಕ ತಪ್ಪಿದೆ, ಆ ನೀರು ಕುಡಿಯಬೇಡಿ. ಬರೆಯಲಿಲ್ಲ. ಮೊದಲು ಮೇಜು ಒರೆಸಿದಳು. ಮರುದಿನ ಗಾಜಿನ ಸಾಮಾನೆಲ್ಲ ತೊಳೆದಳು. ಮೂರನೆಯ ದಿನ ಅಕ್ಷರಮಾಲೆಯ ಕ್ರಮದಲ್ಲಿ ಬಾಟಲಿ ಜೋಡಿಸಿದಳು. ನಾಲ್ಕನೆಯ ದಿನ, ತನಗೆ ಏನಾಗಿದೆ ಎಂದು ಫೋನಿನಲ್ಲಿದ್ದ ಎಐಯನ್ನು ಕೇಳಿದಳು. ತಪ್ಪೊಂದನ್ನು ಒಪ್ಪಿಕೊಳ್ಳುವ ಪತ್ರ ಎಂದಷ್ಟೇ ಅದಕ್ಕೆ ಹೇಳಿದಳು; ಯಾವ ತಪ್ಪು, ಯಾರಿಗೆ ಪತ್ರ ಎಂದು ಹೇಳಲಿಲ್ಲ.

ಅದನ್ನೇ ಈಗ ಮೇಷ್ಟ್ರಿಗೆ ವಿವರಿಸಿದಳು.

"ದಿನಾ ಊಟದ ಹೊತ್ತಿನಲ್ಲಿ ಅರ್ಧ ಗಂಟೆ ಅದರ ಜೊತೆ ಮಾತಾಡ್ತೀನಿ, ಮೇಷ್ಟ್ರೇ. ಅದು ಕೇಳುತ್ತೆ, ನಾನು ಹೇಳ್ತೀನಿ. ಎಲ್ಲ ದಾಖಲು ಮಾಡಿಟ್ಟಿದ್ದೀನಿ. ದಿನಾಂಕ, ಆ ದಿನದ ಭಾವನೆ, ಹತ್ತರಲ್ಲಿ ಎಷ್ಟು ಅಂಕ. ಗ್ರಾಫ್ ಕೂಡ ಹಾಕಿದೀನಿ."

"ಭಾವನೆಗೆ ಗ್ರಾಫಾ?" ಎಂದ ಈರಣ್ಣ. "ಏರಿದೆಯೋ ಇಳಿದಿದೆಯೋ?"

"ಇಳಿದಿದೆ. ಮೊದಲ ದಿನ ಒಂಬತ್ತಿತ್ತು. ಈಗ ನಾಲ್ಕು."

"ಪತ್ರ?"

"ಅದು ಸೊನ್ನೆಯಲ್ಲೇ ಇದೆ."

ಮೇಷ್ಟ್ರು ಕೈ ಚಾಚಿದರು. ಅವಳು ಫೋನು ಕೊಟ್ಟಳು. ಅವರು ಕನ್ನಡಕ ಏರಿಸಿ, ಬೆರಳಿನಿಂದ ಮೆಲ್ಲಗೆ ಮೇಲೆ ತಳ್ಳುತ್ತ ಓದಿದರು. ಎಐ ಬರೆದಿತ್ತು: "ನೀವು ಸೋಮಾರಿಯೆಂದು ನನಗೆ ಅನ್ನಿಸುವುದಿಲ್ಲ. ಈ ಕೆಲಸ ಎಬ್ಬಿಸುವ ಒಂದು ಭಾವನೆಯನ್ನು ನೀವು ಮುಂದಕ್ಕೆ ಹಾಕುತ್ತಿರಬಹುದು. ಅದು ನಾಚಿಕೆಯೇ? ನೀವು ತಪ್ಪು ಹೇಳಿದ್ದು ಎಲ್ಲರಿಗೂ ಗೊತ್ತಾದ ಯಾವುದಾದರೂ ಹಳೆಯ ದಿನ ನೆನಪಿದೆಯೇ?"

ನೆನಪಿತ್ತು. ಏಳನೆಯ ತರಗತಿಯಲ್ಲಿ ಪ್ರಾರ್ಥನೆಯ ಹೊತ್ತಿಗೆ ಅವಳು ವಾರ್ತೆ ಓದುತ್ತಿದ್ದಳು. ಒಂದು ದಿನ ಹಿಂದಿನ ವರ್ಷದ ಸುತ್ತೋಲೆಯನ್ನು ಕೈಗೆತ್ತಿಕೊಂಡು, ನಾಳೆ ರಜೆ ಎಂದು ಓದಿಬಿಟ್ಟಳು. ಮರುದಿನ ನಲವತ್ತು ಮಕ್ಕಳು ಬರಲಿಲ್ಲ. ಹೆಡ್‌ಮಾಸ್ಟರು ಅವಳನ್ನು ಧ್ವಜದ ಕಂಬದ ಕೆಳಗೆ ನಿಲ್ಲಿಸಿದರು. ಹತ್ತನೆಯ ತರಗತಿ ಮುಗಿಯುವವರೆಗೂ ಹುಡುಗರು ಅವಳನ್ನು 'ರಜಾ' ಎಂದೇ ಕರೆದರು. ಇದನ್ನು ಹೇಳಿಕೊಂಡ ದಿನ ಅವಳು ಪ್ರಯೋಗಾಲಯದ ಬಚ್ಚಲಿನಲ್ಲಿ ಅತ್ತಿದ್ದಳು. ಎದೆ ಹಗುರಾಗಿತ್ತು. ಇನ್ನು ಬರೆದೇಬಿಡುತ್ತೇನೆ ಎನಿಸಿತ್ತು. ಮರುದಿನ ಊಟದ ಹೊತ್ತಿಗೆ ಹೊಸ ಪ್ರಶ್ನೆಯೊಂದು ಸಿದ್ಧವಾಗಿತ್ತು: ನಾಚಿಕೆಯ ಹಿಂದೆ ಇನ್ನೇನಾದರೂ ಇದೆಯೇ?

"ನೀವು ಬಯಸಿದರೆ ಈಗ ಒಂದೇ ಒಂದು ಸಾಲು ಬರೆದು ನೋಡೋಣ" ಎಂದು ಎಐ ಎರಡು ಸಲ ಹೇಳಿತ್ತು. ಎರಡು ಸಲವೂ ಅವಳು, "ಅದಕ್ಕೂ ಮೊದಲು ಇನ್ನೊಂದು ವಿಷಯ ಕೇಳಬೇಕಿತ್ತು" ಎಂದಿದ್ದಳು.

ಮೇಷ್ಟ್ರು ಫೋನು ಹಿಂದಿರುಗಿಸಿದರು.

"ಸರಿಯಾಗೇ ಹೇಳಿದೆ. ನಾನು ನಿನಗೆ ಮೂರು ವರ್ಷ ಪಾಠ ಮಾಡಿದೆ. ನನಗೆ ಇದು ಗೊತ್ತಾಗಿರಲಿಲ್ಲ."

"ನನಗಂತೂ ಈ ಯಂತ್ರ ಬೇಡಪ್ಪ" ಎಂದ ಈರಣ್ಣ. "ನಾನು ಯಾಕೆ ಹಿಂಗೆ ಅಂತ ನಮ್ಮ ಮನೆಯಾಕಿ ದಿನಾ ಹೇಳ್ತಾಳೆ. ಚಾರ್ಜ್ ಹಾಕೋದೂ ಬೇಕಿಲ್ಲ."

ಶಿವಲೀಲಾ ನಗಲಿಲ್ಲ. "ಕಾರಣ ಸರಿಯಾಗಿದ್ದರೆ ಪರಿಹಾರ ಬರಬೇಕಲ್ಲ, ಮೇಷ್ಟ್ರೇ. ಬರ್ತಿಲ್ಲ ಅಂದರೆ ಇನ್ನೊಂದು ಕಾರಣ ಕೆಳಗೆ ಉಳಿದಿರಬೇಕು. ಅದನ್ನು ಹುಡುಕೋದು ಹೇಗೆ?"

ಮೇಷ್ಟ್ರು ಕತೆ ಶುರು ಮಾಡಿದರು.

ಒಂದು ನದಿಯ ದಡದಲ್ಲಿ ಒಬ್ಬ ಅಂಬಿಗನಿದ್ದ. ಅವನಿಗೆ ಒಂದು ಹರಿಗೋಲು. ಬಿದಿರಿನ ದೊಡ್ಡ ಬುಟ್ಟಿ, ಹೊರಗೆ ಎಮ್ಮೆಯ ಚರ್ಮದ ಹೊದಿಕೆ. ಹೊಳೆ ದಾಟುವ ಆ ಘಟ್ಟದಲ್ಲಿ ಅವನೊಬ್ಬನೇ ಅಂಬಿಗ. ಮುಂದಿನ ಘಟ್ಟ ಒಂದು ಹಗಲಿನ ದಾರಿ. ನಡೆಯಬಲ್ಲವರು ಅಲ್ಲಿಗೆ ಹೋಗಬಹುದಿತ್ತು. ನಡೆಯಲಾರದವರು ಇವನನ್ನೇ ಕೂಗಬೇಕಿತ್ತು.

ಕೂಗಿಗೆ ಅಲ್ಲೊಂದು ಕಟ್ಟಳೆಯಿತ್ತು. ಆಚೆ ದಡದಲ್ಲಿ ಬಂದು ನಿಂತವರು "ಓ ಅಂಬಿಗಾ" ಎನ್ನಬೇಕು. ಅಂಬಿಗ ಎಲ್ಲೇ ಇರಲಿ, ಉಣ್ಣುತ್ತಲೇ ಇರಲಿ, "ಓ" ಎಂದು ಮರುಕೂಗು ಕೊಡಬೇಕು. ಕೊಡದೆ ಇದ್ದರೆ ಅವನು ಅಂಬಿಗನಲ್ಲ. ನದಿ ಅಗಲವಾಗಿತ್ತು. ದನಿ ಕೇಳುತ್ತಿತ್ತು, ಮುಖ ಕಾಣುತ್ತಿರಲಿಲ್ಲ.

ಒಂದು ಸಲ ಹನ್ನೊಂದು ಜನರನ್ನು ಕೂರಿಸಿಕೊಂಡು ಬರುವಾಗ ನಡುಹೊಳೆಯಲ್ಲಿ ಹರಿಗೋಲಿಗೆ ನೀರು ಬಂತು. ಎಲ್ಲರೂ ಕೈಯಿಂದ ಮೊಗೆದರು. ಯಾರಿಗೂ ಏನೂ ಆಗಲಿಲ್ಲ. ಇಳಿಯುವಾಗ ಒಬ್ಬ ಮುದುಕ ಪಂಚೆ ಹಿಂಡುತ್ತ ಹೇಳಿದ: "ನಿಮ್ಮಪ್ಪನ ಕಾಲದಾಗ ನಮ್ಮ ಕಾಲು ಒದ್ದೆ ಆಗ್ತಿರಲಿಲ್ಲ ಬಿಡು."

ಅಷ್ಟೇ ಮಾತು. ಮುದುಕ ಮನೆಗೆ ಹೋಗಿ ಮರೆತ. ಅಂಬಿಗ ಮರೆಯಲಿಲ್ಲ.

ಅವನು ಹರಿಗೋಲನ್ನು ದಡಕ್ಕೆ ಎಳೆದು ಕಲ್ಲುಗಳ ಮೇಲೆ ಏರಿಸಿದ. ಸೋರಿಕೆ ಹುಡುಕುವುದಕ್ಕೆ ಅಂಬಿಗರಲ್ಲಿ ಒಂದು ಕ್ರಮವಿದೆ. ಹರಿಗೋಲಿನ ಒಳಗೆ ಒಂದು ಗೇಣು ನೀರು ತುಂಬಬೇಕು. ಆಮೇಲೆ ಅದರ ಕೆಳಗೆ ಮಲಗಿ ಹೊರಮೈ ನೋಡಬೇಕು. ಎಲ್ಲಿ ಹನಿ ಕಟ್ಟುತ್ತದೋ ಅಲ್ಲಿ ತೂತು. ಆ ಜಾಗಕ್ಕೆ ಸುಣ್ಣದ ಬೊಟ್ಟು ಇಡಬೇಕು. ನೀರು ಚೆಲ್ಲಬೇಕು. ಮೂರು ದಿನ ಬಿಸಿಲಿಗೆ ಬೋರಲು ಹಾಕಬೇಕು. ಚರ್ಮ ಪೂರಾ ಒಣಗಿದ ಮೇಲೆ, ರಾಳವನ್ನು ಎಣ್ಣೆಯಲ್ಲಿ ಕಾಯಿಸಿದ ಅಂಟು ಹಚ್ಚಬೇಕು. ಹಸಿ ಚರ್ಮಕ್ಕೆ ಅಂಟು ಹಿಡಿಯುವುದಿಲ್ಲ.

ಅಂಬಿಗ ನೀರು ತುಂಬಿದ. ಕೆಳಗೆ ಮಲಗಿದ. ಒಂದು ಹನಿ ಕಂಡಿತು. ಬೊಟ್ಟು ಇಟ್ಟ. ಅವನಿಗೆ ಬಹಳ ಸಮಾಧಾನವಾಯಿತು. ಅಗೋ, ಇದೇ ಕಳ್ಳ. ನೀರು ಚೆಲ್ಲಿದ.

ಸಂಜೆಗೆ ಒಂದು ಯೋಚನೆ ಬಂತು. ಇದೊಂದೇ ಎಂದು ಹೇಗೆ ಹೇಳುವುದು? ಬೆಳಿಗ್ಗೆ ಎದ್ದು ಮತ್ತೆ ನೀರು ತುಂಬಿದ. ಮತ್ತೊಂದು ಹನಿ ಇತ್ತು, ಮೊದಲನೆಯದಕ್ಕಿಂತ ಸಣ್ಣದು. ನಿನ್ನೆ ಕಂಡಿರಲಿಲ್ಲ. ಅವನಿಗೆ ತನ್ನ ಯೋಚನೆ ಸರಿ ಎನಿಸಿತು. ಇನ್ನೊಂದು ಬೊಟ್ಟು ಇಟ್ಟ. ಮೂರನೆಯ ದಿನವೂ ತುಂಬಿದ.

ಆಚೆ ದಡದಿಂದ ಕೂಗು ಬಂತು. "ಓ ಅಂಬಿಗಾ."

ಅಂಬಿಗ ಹರಿಗೋಲಿನ ಕೆಳಗಿನಿಂದಲೇ ಕೂಗಿದ. "ಓ. ಇನ್ನೊಂದು ತೂತು ಐತಿ. ನಾಳೆ."

ಮರುದಿನವೂ ಕೂಗು ಬಂತು. ಅಂಬಿಗ ಕಟ್ಟಳೆ ತಪ್ಪಿದವನಲ್ಲ. ಎದ್ದು ದಡಕ್ಕೆ ಬಂದು, ಕೈಯನ್ನು ಬಾಯಿಗೆ ಅಡ್ಡ ಹಿಡಿದು, ಇವತ್ತಿನ ತೂತು ಎಲ್ಲಿದೆ, ಅದು ಯಾಕೆ ಆಯಿತು, ಹೊಲಿಗೆಯ ಬಳಿ ಚರ್ಮ ಎಷ್ಟು ತೆಳುವಾಗಿದೆ ಎಂದು ವಿವರವಾಗಿ ಕೂಗಿ ಹೇಳಿದ. ಬಹಳ ಚೆನ್ನಾಗಿ ಹೇಳಿದ. ಆಚೆಯವರಿಗೆ ಹರಿಗೋಲಿನ ವಿಷಯ ಎಲ್ಲ ತಿಳಿಯಿತು. ಹೊಳೆ ದಾಟುವುದು ಮಾತ್ರ ಆಗಲಿಲ್ಲ.

ಹೀಗೆ ಒಂದು ತಿಂಗಳಾಯಿತು. ಸೋರಿಕೆ ಪತ್ತೆ ಮಾಡುವುದರಲ್ಲಿ ಅಂಬಿಗನಿಗೆ ಹೆಸರು ಬಂತು. ಮೇಲಿನ ಘಟ್ಟದವರು, ಕೆಳಗಿನ ಘಟ್ಟದವರು ತಮ್ಮ ಹರಿಗೋಲು ಹೊತ್ತು ತಂದರು. ಅವನು ಒಮ್ಮೆ ಕಣ್ಣು ಹಾಯಿಸಿ, ಬೆರಳು ಇಟ್ಟು, ಇಲ್ಲಿ ಎನ್ನುತ್ತಿದ್ದ. ತಪ್ಪುತ್ತಿರಲಿಲ್ಲ. ಅವರು ಹೋಗಿ ಒಣಗಿಸಿ, ಅಂಟು ಹಚ್ಚಿ, ಮರುವಾರ ಹೊಳೆಗೆ ಇಳಿಯುತ್ತಿದ್ದರು.

ಹೆಂಡತಿ ಒಂದು ದಿನ ಹೇಳಿದಳು: "ಊರವರ ಹರಿಗೋಲು ನೀರಾಗ ಅದಾವು. ನಮ್ಮ ಹರಿಗೋಲಿನಾಗ ಮಾತ್ರ ನೀರು ಐತಿ. ಕಾಗಿ ಬಂದು ಕುಡದು ಹೊಕ್ಕಾವು. ಎರಡು ಎಮ್ಮಿ ಕಟ್ಟಿಬಿಡು, ಅವು ನೀರು ಕುಡಿಯೋ ಬಾನಿ ಆದರೂ ಆಗಲಿ."

"ಸುಮ್ಮನಿರು. ಆ ಮುದುಕ ಅಂದ ಮಾತು ನಿನಗೇನು ಗೊತ್ತು? ನನಗೆ ಭಯ ಆಗಿದ್ದು ಅಲ್ಲಿಂದಲೇ."

"ನನಗೂ ಗೊತ್ತು, ನಿನಗೂ ಗೊತ್ತು, ಓಣಿಗೆಲ್ಲಾ ಗೊತ್ತು. ಈಗೇನು ಆತು?"

ಇಲ್ಲಿಗೆ ಮೇಷ್ಟ್ರು ನಿಲ್ಲಿಸಿ ನೀರು ಕುಡಿದರು.

ಶಿವಲೀಲಾ ಕೇಳಿದಳು. "ಹಾಗಾದರೆ ಕಾರಣ ಹುಡುಕೋದೇ ತಪ್ಪಾ, ಮೇಷ್ಟ್ರೇ?"

"ನಾನು ಎಲ್ಲಿ ಹಾಗಂದೆ? ತೂತು ಎಲ್ಲಿದೆ ಅಂತ ಗೊತ್ತಿಲ್ಲದೆ ಅಂಟು ಎಲ್ಲಿಗೆ ಹಚ್ಚುತ್ತೀ, ತಲೆಗಾ?"

ಈರಣ್ಣ ನಕ್ಕ. ಮೇಷ್ಟ್ರು ಮುಂದುವರಿಸಿದರು.

ಒಂದು ದಿನ ಮೇಲಿನ ಘಟ್ಟದಿಂದ ಒಬ್ಬ ಹಳೆಯ ಅಂಬಿಗ ಬಂದ. ಅವನ ಹರಿಗೋಲಿಗೂ ಒಂದು ಸೋರಿಕೆ. ನಮ್ಮ ಅಂಬಿಗ ನೋಡಿ ಹೇಳಿದ. ಹಳೆಯವನು ಬೊಟ್ಟು ಇಟ್ಟುಕೊಂಡ. ಹೋಗುವ ಮೊದಲು ಕಲ್ಲುಗಳ ಮೇಲಿದ್ದ ಹರಿಗೋಲಿನ ಸುತ್ತ ಒಂದು ಸುತ್ತು ಬಂದ. ಬಗ್ಗಿ ಕೆಳಗೆ ನೋಡಿದ. ನಲವತ್ತೊಂದು ಬೊಟ್ಟುಗಳಿದ್ದವು.

"ಸಿಡುಬು ಎದ್ದಂಗೆ ಐತಲ್ಲೋ ತಮ್ಮಾ" ಎಂದ. "ಎಂದು ತುಂಬಿದೆ ಇದಕ್ಕೆ ನೀರು?"

"ಇವತ್ತು ಮುಂಜಾನೆ."

"ನಿನ್ನೆ?"

"ನಿನ್ನೆಯೂ ತುಂಬಿದ್ದೆ. ಒಂದು ಸಣ್ಣದು ಉಳಿದಿತ್ತು."

ಹಳೆಯವನು ಹೆಬ್ಬೆರಳಿನಿಂದ ಚರ್ಮ ಒತ್ತಿದ. ಬೆರಳು ಇಳಿಯಿತು. ಚರ್ಮ ನೆನೆದ ಕಡಲೆಯ ಸಿಪ್ಪೆಯಂತೆ ಮೆತ್ತಗಾಗಿತ್ತು. ಒತ್ತಿದ ಜಾಗದಲ್ಲಿ ಹೊಸದಾಗಿ ಒಂದು ಹನಿ ಕಟ್ಟಿತು.

"ಹೊಳಿ ಮಾಡಿದ ತೂತು ಇದರಾಗ ಒಂದೋ ಎರಡೋ ಇದ್ದಾವು" ಎಂದ ಹಳೆಯವನು. "ಉಳಿದವು ನಿನ್ನವು. ಚರ್ಮ ಒಣಗಾಕ ಬಿಟ್ಟಿಲ್ಲ ನೀ."

ಹಳೆಯವನು ಬೆರಳನ್ನು ಪಂಚೆಗೆ ಒರೆಸಿಕೊಂಡ.

"ಹುಡುಕೋದಕ್ಕ ನೀರು ಬೇಕು. ಮುಚ್ಚೋದಕ್ಕ ಬಿಸಿಲು ಬೇಕು. ಇಷ್ಟು ನಿಮ್ಮಪ್ಪ ಹೇಳಿಕೊಟ್ಟಿರಲಿಲ್ಲೇನು?"

"ಹೇಳಿದ್ದ."

"ಮತ್ತ?"

ಅಂಬಿಗನ ಕೈಯಲ್ಲಿ ಕೊಡ ಇತ್ತು. ಅವನು ಅದನ್ನೇ ನೋಡಿದ.

ಹಳೆಯವನು ಬುದ್ಧಿ ಹೇಳುವ ಗೋಜಿಗೆ ಹೋಗಲಿಲ್ಲ. "ಆ ಕೊಡ ಚಲೋ ಐತಿ, ಕೊಡು ಇಲ್ಲಿ" ಎಂದು ಕೈಯಿಂದ ಇಸಿದುಕೊಂಡು, ಕಲ್ಲಿಗೆ ಕಾಲು ಕೊಟ್ಟು ಹರಿಗೋಲನ್ನು ಓರೆ ಮಾಡಿದ. ಒಂದು ಗೇಣು ನೀರು ಮರಳಿಗೆ ಇಳಿದುಹೋಯಿತು. ಹರಿಗೋಲನ್ನು ಬೋರಲು ಹಾಕಿ, ಕೊಡ ಹೆಗಲಿಗೆ ಏರಿಸಿಕೊಂಡು ಹೋದ. ಮನೆಯಲ್ಲಿ ಇನ್ನೂ ಎರಡು ಕೊಡಗಳಿದ್ದವು. ಹೆಂಡತಿ ಅವನ್ನು ಅಟ್ಟಕ್ಕೆ ಎಸೆದು ಏಣಿ ತೆಗೆದಳು.

ಮೂರು ದಿನ ಅಂಬಿಗನಿಗೆ ಕೆಲಸವಿರಲಿಲ್ಲ.

ಮೊದಲ ದಿನವೇ ಅವನಿಗೆ ಒಂದು ವಿಷಯ ಗೊತ್ತಾಯಿತು. ತೂತು ಹುಡುಕುತ್ತಿದ್ದ ತಿಂಗಳಿಡೀ ಅವನಿಗೆ ಭಯವೇ ಆಗಿರಲಿಲ್ಲ. ಬೆಳಿಗ್ಗೆ ನೀರು ತುಂಬುವುದು, ಮಲಗುವುದು, ಹನಿ ಕಾಯುವುದು, ಬೊಟ್ಟು ಇಡುವುದು. ಕೈ ತುಂಬ ಕೆಲಸ. ಭಯದ ಬಗ್ಗೆ ಹೆಂಡತಿಯೊಡನೆ ಮಾತಾಡುತ್ತಿದ್ದ, ಆಚೆ ದಡಕ್ಕೂ ಕೂಗಿ ಹೇಳುತ್ತಿದ್ದ. ಹಾಗೆ ಹೇಳುವಾಗಲೂ ಭಯವಾಗುತ್ತಿರಲಿಲ್ಲ. ಈಗ ಖಾಲಿ ಕೈಯಲ್ಲಿ ಕೂತಾಗ ಅದು ಬಂತು. ಮುದುಕನ ಮಾತು ಕೇಳಿಸಿತು. ಅವನು ಎದ್ದು ಕೊಡ ಹುಡುಕಿದ. ಏಣಿ ಇರಲಿಲ್ಲ. ಮತ್ತೆ ಕೂತ.

ಎರಡನೆಯ ದಿನವೂ ಭಯ ಇತ್ತು. ಕಡಿಮೆಯಾಗಲಿಲ್ಲ. ಚರ್ಮ ಮಾತ್ರ ಒಣಗುತ್ತಿತ್ತು.

ಮೂರನೆಯ ದಿನ ಚರ್ಮವನ್ನು ಉಗುರಿನಿಂದ ತಟ್ಟಿದ. ಟಣ್ ಎಂದಿತು. ಕೆಟ್ಟ ಜಾಗ ಕತ್ತರಿಸಿ ತೇಪೆ ಹೊಲಿದ. ಅಂಟು ಕಾಯಿಸಿ ಹಚ್ಚಿದ. ಬೊಟ್ಟುಗಳು ಅಂಟಿನ ಕೆಳಗೆ ಹೋದವು. ಸರಿಯಾಗಿದೆಯೋ ಇಲ್ಲವೋ ಎಂದು ಒಂದು ಸಲ ನೀರು ತುಂಬಿ ನೋಡೋಣ ಎನಿಸಿತು. ಹೆಂಡತಿ ಅವನ ಮುಖ ನೋಡಿ, "ನೋಡಬೇಕಂದರ ಹೊಳಿ ಐತಲ್ಲ, ಅಷ್ಟು ನೀರು ಸಾಲದೇನು?" ಎಂದಳು.

ನಾಲ್ಕನೆಯ ದಿನ ಅಂಬಿಗ ಹರಿಗೋಲನ್ನು ಹೊಳೆಗೆ ಇಳಿಸಿದ. ಭಯ ಹಾಗೇ ಇತ್ತು. ಭಯದ ಜೊತೆಗೇ ಹುಟ್ಟು ಹಾಕಿದ. ನಡುಹೊಳೆಯಲ್ಲಿ ಅವನ ಎಡಗಾಲಿಗೆ ತಣ್ಣಗಾಯಿತು. ನೋಡಿದ. ಎಂದೂ ಬೊಟ್ಟು ಇಡದ ಜಾಗದಿಂದ ನೀರು ಸಣ್ಣಗೆ ಒಸರುತ್ತಿತ್ತು. ತೆಂಗಿನ ಚಿಪ್ಪಿನಿಂದ ಮೊಗೆದು ಹೊರಗೆ ಚೆಲ್ಲಿದ. ಎಂಟು ಹುಟ್ಟಿಗೆ ಒಂದು ಚಿಪ್ಪು. ಅಷ್ಟು ಮಾಡಿದರೆ ಸಾಕಾಗುತ್ತಿತ್ತು. ಅವನ ಅಪ್ಪನೂ ಹಾಗೇ ಮೊಗೆಯುತ್ತಿದ್ದದ್ದು ಆಗ ನೆನಪಾಯಿತು. ಮುದುಕ ಕೂರುತ್ತಿದ್ದದ್ದು ಇನ್ನೊಂದು ಬದಿಗೆ, ಅವನ ಕಾಲಿಗೆ ಆ ನೀರು ತಲುಪುತ್ತಿರಲಿಲ್ಲ.

ಹರಿಗೋಲು ಆಚೆ ದಡ ಮುಟ್ಟಿತು.

ದಡದಲ್ಲಿ ಯಾರೂ ಇರಲಿಲ್ಲ. ಮೂರು ಕಲ್ಲಿನ ಒಂದು ಒಲೆ ಇತ್ತು. ಬೂದಿ ಮುಟ್ಟಿ ನೋಡಿದ, ತಣ್ಣಗಿತ್ತು. ಪಕ್ಕದಲ್ಲಿ ಮರಳು ತಗ್ಗಾಗಿತ್ತು. ಯಾರೋ ಬಹಳ ದಿನ ಒಂದೇ ಕಡೆ ಕೂತ ತಗ್ಗು. ಒಬ್ಬರೋ, ಒಬ್ಬರ ಮಡಿಲಲ್ಲಿ ಇನ್ನೊಬ್ಬರೋ, ಅದರಿಂದ ಹೇಳಲು ಬರುತ್ತಿರಲಿಲ್ಲ. ಕೂಗು ಎಂದಿನಿಂದ ನಿಂತಿತ್ತು ಎಂದು ಅವನು ನೆನಪು ಮಾಡಿಕೊಳ್ಳಲು ನೋಡಿದ. ಮೊನ್ನೆಯೋ, ಹೋದ ವಾರವೋ, ಗೊತ್ತಾಗಲಿಲ್ಲ. ಪ್ರತಿಯೊಂದು ತೂತು ಕಂಡ ದಿನ ಅವನಿಗೆ ನೆನಪಿತ್ತು.

ಅವನು ದಡದ ಮೇಲೆ ನಿಂತು, ಆ ದಡದ ಊರಿನ ಕಡೆಗೆ ತಿರುಗಿ, "ಓ" ಎಂದು ಕೂಗಿದ. ಮರುಕೂಗು ಬರಲಿಲ್ಲ.

ಮೇಷ್ಟ್ರು ಕತೆ ಮುಗಿಸಿದರು. ಈರಣ್ಣ ನಗುವುದನ್ನು ಯಾವಾಗಲೋ ನಿಲ್ಲಿಸಿದ್ದ.

ಶಿವಲೀಲಾ ಕತೆಯನ್ನು ಮೊದಲಿನಿಂದ ಒಮ್ಮೆ ಮನಸ್ಸಿನಲ್ಲೇ ತಿರುವಿ ನೋಡಿದಳು. ಆ ನೋಟುಬುಕ್ಕು ತೆರೆದ ದಿನದಿಂದ ಅವಳ ಅಭ್ಯಾಸವೇ ಹಾಗಾಗಿತ್ತು. ಎಲ್ಲಾದರೂ ಒಂದು ಅಂಕಿ ಬಿಟ್ಟುಹೋಗಿದ್ದರೆ ಅವಳಿಗೆ ಗೊತ್ತಾಗುತ್ತಿತ್ತು. ಅಂಬಿಗ, ಹೆಂಡತಿ, ಮುದುಕ, ಹಳೆಯ ಅಂಬಿಗ. ಎಲ್ಲರ ಲೆಕ್ಕ ಸಿಕ್ಕಿತು. ಒಬ್ಬರದು ಮಾತ್ರ ಸಿಗಲಿಲ್ಲ.

"ಒಂದು ವಿಷಯ ಬಿಟ್ಟಿರಿ, ಮೇಷ್ಟ್ರೇ" ಎಂದಳು. "ಆಚೆ ದಡದಿಂದ ಕೂಗುತ್ತಿದ್ದದ್ದು ಯಾರು?"

ಮೇಷ್ಟ್ರು ಅವಳ ಕಡೆ ನೋಡಿದರು.

"ಅಂಬಿಗ ಕೊನೆಯವರೆಗೂ ಅದನ್ನು ಕೇಳಲಿಲ್ಲ ತಾಯಿ, ನೀನಾದರೂ ಹೇಳು, ನಿನ್ನ ಪತ್ರ ಯಾರಿಗೆ?"